ರಹರಾದ ಕಾಲೇಜು, ಪರಮಹಂಸರ ಧರ್ಮ

ಶ್ರೀರಾಮಕೃಷ್ಣ ಪರಮಹಂಸರ ಅನುಯಾಯಿಗಳು ಹಿಂದೂಗಳೋ ಅಲ್ಲವೋ ಎಂಬ ಪ್ರಶ್ನೆ ನಮ್ಮ ನ್ಯಾಯಾಲಯಗಳಲ್ಲಿ ಸುಮಾರು ಹದಿನೈದು ವರ್ಷ ಎಳೆದಾಡಿತು. ನಾವು ಹಿಂದೂಗಳಲ್ಲ, ನಮ್ಮದು ಬೇರೆ ಧರ್ಮ ಎಂದು ವಾದಿಸಿದವರು ಹೊರಗಿನ ಯಾರೋ ಅಲ್ಲ. ಹೂಗ್ಲಿ ದಂಡೆಯ ಬೇಲೂರು ಮಠದ ಸಂನ್ಯಾಸಿಗಳೇ ಹಾಗೆ ಅಫಿಡವಿಟ್ ಹಾಕಬೇಕಾಯಿತು. ವೇದಾಂತದ ಯಾವ ಭಿನ್ನಾಭಿಪ್ರಾಯವೂ ಅದಕ್ಕೆ ಕಾರಣವಲ್ಲ. ಒಂದು ಕಾಲೇಜಿನ ಆಡಳಿತ ಮಂಡಳಿಯಲ್ಲಿ ಯಾರು ಕೂರಬೇಕು ಎಂಬ ತಕರಾರು, ಅಷ್ಟೆ.

ಕೋಲ್ಕತ್ತದ ಉತ್ತರಕ್ಕೆ ರಹರಾ ಎಂಬ ಊರಿದೆ. 1943ರ ಬಂಗಾಳದ ಕ್ಷಾಮದಲ್ಲಿ ತಂದೆತಾಯಿಯನ್ನು ಕಳೆದುಕೊಂಡ ಹುಡುಗರಿಗಾಗಿ ಈ ಸಂನ್ಯಾಸಿಗಳೇ ನಡೆಸುವ ರಾಮಕೃಷ್ಣ ಮಿಷನ್ 1944ರಲ್ಲಿ ಅಲ್ಲೊಂದು ಬಾಲಕಾಶ್ರಮ ತೆರೆಯಿತು. ಮೊದಲು ಅನ್ನ, ಆಮೇಲೆ ಅಕ್ಷರ. ವಿವೇಕಾನಂದರು ಹುಟ್ಟಿ ನೂರು ವರ್ಷವಾದ 1963ರಲ್ಲಿ ಅಲ್ಲೇ ವಿವೇಕಾನಂದ ಶತಮಾನೋತ್ಸವ ಕಾಲೇಜು ಶುರುವಾಯಿತು. ಹಣ ಸರ್ಕಾರದ್ದು, ಆಡಳಿತ ಮಿಷನ್ನಿನದು. ಮಿಷನ್ನಿನ ಕಾಲೇಜುಗಳ ಆಡಳಿತ ಮಂಡಳಿಗೆ ಸರ್ಕಾರವೇ ಬೇರೆ ಏರ್ಪಾಡು ಒಪ್ಪಿಕೊಂಡಿತ್ತು.

1970ರ ದಶಕದಲ್ಲಿ ಪಶ್ಚಿಮ ಬಂಗಾಳದಲ್ಲಿ ಕಾಲೇಜು ಅಧ್ಯಾಪಕರ ಸೇವಾಭದ್ರತೆಗೆ, ನೇಮಕಕ್ಕೆ ಹೊಸ ಕಾಯ್ದೆಗಳು ಬಂದವು. 1980ರಲ್ಲಿ ರಹರಾದ ಕೆಲವು ಅಧ್ಯಾಪಕರು ಕಲ್ಕತ್ತ ಹೈಕೋರ್ಟಿಗೆ ಹೋದರು. ಉಳಿದ ಕಾಲೇಜುಗಳಿಗೆ ಇರುವಂಥ ಆಡಳಿತ ಮಂಡಳಿಯೇ ಇಲ್ಲೂ ಬರಲಿ ಎಂಬುದು ಅವರ ಬೇಡಿಕೆ. ಮಿಷನ್ನಿನ ಕೈಗೆ ಸಿಕ್ಕಿದ ಆಸರೆ ಸಂವಿಧಾನದ 30ನೇ ವಿಧಿ. ಧರ್ಮ ಅಥವಾ ಭಾಷೆಯ ಆಧಾರದ ಅಲ್ಪಸಂಖ್ಯಾತರು ತಮಗೆ ಬೇಕಾದ ಶಿಕ್ಷಣ ಸಂಸ್ಥೆಯನ್ನು ಸ್ಥಾಪಿಸಿ ನಡೆಸಬಹುದು ಎನ್ನುತ್ತದೆ ಅದು. ಆ ವಿಧಿಯ ರಕ್ಷಣೆ ಬೇಕಾದರೆ ಅಲ್ಪಸಂಖ್ಯಾತರಾಗಿರಬೇಕು, ಅಲ್ಪಸಂಖ್ಯಾತರಾಗಲು ಬೇರೆ ಧರ್ಮದವರಾಗಿರಬೇಕು. ಮಿಷನ್ ಹಾಗೆಯೇ ಹೇಳಿತು. ಹೈಕೋರ್ಟಿನ ಏಕಸದಸ್ಯ ಪೀಠ ಒಪ್ಪಿತು, ವಿಭಾಗೀಯ ಪೀಠವೂ ಒಪ್ಪಿತು.

ನಮ್ಮ ಮನೆಯಲ್ಲಿ ದೇವರ ಗೂಡಿನ ಪಕ್ಕದ ಕಪಾಟಿನಲ್ಲಿ ಕುವೆಂಪು ಬರೆದ ‘ಶ್ರೀ ರಾಮಕೃಷ್ಣ ಪರಮಹಂಸ’ ಇತ್ತು. ಭಾನುವಾರ ಎಣ್ಣೆನೀರು ಆದ ಮೇಲೆ ಅಪ್ಪ ನನ್ನಿಂದ ಅದನ್ನು ಗಟ್ಟಿಯಾಗಿ ಓದಿಸುತ್ತಿದ್ದರು. ದಕ್ಷಿಣೇಶ್ವರದ ಕಾಳಿಯ ಅರ್ಚಕ ಇಸ್ಲಾಮಿನ ಸಾಧನೆಗೆ ಕೂತ ಭಾಗ ಬಂದಾಗ ಅಪ್ಪ ಕಣ್ಣು ಮುಚ್ಚಿ ಕೇಳುತ್ತಿದ್ದರು. ಆ ದಿನಗಳಲ್ಲಿ ಪರಮಹಂಸರು ದೇವಸ್ಥಾನದ ಒಳಗೆ ಕಾಲಿಡಲಿಲ್ಲ. ಮುಂದೆ ಕ್ರಿಸ್ತನ ಧ್ಯಾನದಲ್ಲೂ ಹಾಗೆಯೇ ಮುಳುಗಿದರು. ಕೊನೆಗೆ ಮತ್ತೆ ಕಾಳಿಯ ಎದುರಿಗೆ ಬಂದರು. ಇದನ್ನೆಲ್ಲ ಓದಿ ಮುಗಿಸಿದ ಮೇಲೆ ಈ ಮಹಾನುಭಾವ ಯಾವ ಧರ್ಮಕ್ಕೆ ಸೇರಿದವರು ಎಂದು ಅಪ್ಪನೂ ಕೇಳಲಿಲ್ಲ, ನಾನೂ ಕೇಳಲಿಲ್ಲ. ಕೇಳಬೇಕು ಅನ್ನಿಸುವಂಥ ಪ್ರಶ್ನೆಯೇ ಅದಾಗಿರಲಿಲ್ಲ.

ಮುಂದೆ ನಾನು ಹಾಸನ ಜಿಲ್ಲೆಯ ಒಂದು ಅನುದಾನಿತ ಪ್ರೌಢಶಾಲೆಗೆ ಮೇಷ್ಟ್ರಾಗಿ ಸೇರಿ, ಮುಖ್ಯೋಪಾಧ್ಯಾಯನಾಗಿ ನಿವೃತ್ತನಾದೆ. ಅಲ್ಲಿ ಮಾನ್ಯತೆ ನವೀಕರಣದ ಕಡತ ನನ್ನ ಕೈಯ ಕೆಲಸವಾಗಿತ್ತು. ಆ ಕಡತ ಹೇಗಿರುತ್ತದೆ ಎಂದು ಹೇಳುತ್ತೇನೆ, ಯಾಕೆಂದರೆ ಇಷ್ಟು ದೊಡ್ಡ ತತ್ತ್ವದ ಪ್ರಶ್ನೆ ಹುಟ್ಟುವುದು ಅಂಥ ಕಡತದೊಳಗೇ. ಮೇಲುಗಡೆ ಶಾಲೆಯ ಮೂಲ ಅನುಮತಿ ಆದೇಶದ ಜೆರಾಕ್ಸು. ಮೂಲಪ್ರತಿ ಮಡಿಕೆಯಲ್ಲಿ ಹರಿದು, ಹಿಂದಿನ ಯಾರೋ ಗುಮಾಸ್ತರು ಅದಕ್ಕೆ ಬಿಳಿ ಕಾಗದ ಅಂಟಿಸಿದ್ದರು. ಅದರ ಕೆಳಗೆ ಟ್ರಸ್ಟ್ ಡೀಡು, ಹಿಂದಿನ ನವೀಕರಣದ ಪ್ರತಿ, ಜಾಗದ ಖಾತೆ, ಲೋಕೋಪಯೋಗಿ ಇಲಾಖೆಯ ಎಂಜಿನಿಯರ್ ಕೊಟ್ಟ ಕಟ್ಟಡ ಸುರಕ್ಷತೆಯ ಪತ್ರ, ಅಗ್ನಿಶಾಮಕದವರ ಪತ್ರ, ಹುಡುಗರಿಗೆ ಎಷ್ಟು ಹುಡುಗಿಯರಿಗೆ ಎಷ್ಟು ಶೌಚಾಲಯ ಎಂಬ ವಿವರ, ಲೆಕ್ಕಪರಿಶೋಧಕರ ವರದಿ, ಚಲನ್ನು. ಎಲ್ಲವನ್ನೂ ಟ್ಯಾಗಿಗೆ ಪೋಣಿಸಿ, ಪುಟಸಂಖ್ಯೆ ಹಾಕಿ ಬಿಇಒ ಕಚೇರಿಗೆ ಒಯ್ಯಬೇಕು. ಅಲ್ಲಿಂದ ಅದು ಡಿಡಿಪಿಐ ಮೇಜಿಗೆ ಹೋಗಬೇಕು. ಸಂಸ್ಥೆಯ ಸ್ವರೂಪ ಎಂಬ ಕಡೆಯಲ್ಲಿ ಅಲ್ಪಸಂಖ್ಯಾತ ಹೌದೋ ಅಲ್ಲವೋ ಎಂದು ಬರೆಯಬೇಕು.

ಆ ಕಡತ ಕೂತರೆ ಶಾಲೆಯೇ ಕೂತಂತೆ. ಎಸ್ಸೆಸ್ಸೆಲ್ಸಿ ಪರೀಕ್ಷೆಗೆ ಮಕ್ಕಳ ಹೆಸರು ಹೋಗುವುದು ಕಷ್ಟ, ವರ್ಗಾವಣೆ ಪತ್ರಕ್ಕೆ ಬೆಲೆಯಿಲ್ಲ. ಪಾಠ ಎಷ್ಟೇ ಚೆನ್ನಾಗಿ ನಡೆಯಲಿ, ಅದು ಪಾಠವೆಂದು ಲೆಕ್ಕಕ್ಕೆ ಬರುವುದಿಲ್ಲ. ಸುಪ್ರೀಂ ಕೋರ್ಟು ಇದನ್ನು 1958ರಲ್ಲೇ ಕಂಡುಕೊಂಡಿತ್ತು. ಕೇರಳ ಶಿಕ್ಷಣ ಮಸೂದೆಯ ಬಗ್ಗೆ ರಾಷ್ಟ್ರಪತಿಗಳು ಅಭಿಪ್ರಾಯ ಕೇಳಿದಾಗ ಮುಖ್ಯ ನ್ಯಾಯಮೂರ್ತಿ ಎಸ್.ಆರ್. ದಾಸ್ ಅವರ ಪೀಠ ಒಂದು ಮಾತು ಹೇಳಿತು: ಮಾನ್ಯತೆಯಿಲ್ಲದ ಶಾಲೆಯಲ್ಲಿ ಓದಿದ ಮಕ್ಕಳಿಗೆ ಮುಂದಿನ ಓದೂ ಇಲ್ಲ, ಸರ್ಕಾರಿ ಕೆಲಸವೂ ಇಲ್ಲ, ಆದ್ದರಿಂದ ಹಕ್ಕನ್ನು ಬಿಟ್ಟುಕೊಟ್ಟರೆ ಮಾತ್ರ ಮಾನ್ಯತೆ ಎಂದು ಸರ್ಕಾರ ಷರತ್ತು ಹಾಕುವಂತಿಲ್ಲ. ಇಂದಿಗೂ ನನಗೆ ಇದಕ್ಕಿಂತ ಸರಿಯಾದ ಮಾತು ಕಂಡಿಲ್ಲ. ಆದರೆ ಆ ಮಾತಿನ ರಕ್ಷಣೆ ಸಿಕ್ಕಿದ್ದು ಅಲ್ಪಸಂಖ್ಯಾತರ ಶಾಲೆಗಳಿಗೆ ಮಾತ್ರ.

ಹಾಗಾಗಿಯೇ ಸಂನ್ಯಾಸಿಗಳು ಕಟಕಟೆ ಹತ್ತಿದರು.

ರಹರಾದ ಅಧ್ಯಾಪಕರ ಕಡೆಯೂ ಒಂದು ಮಾತಿದೆ. ಅನುದಾನಿತ ಶಾಲೆಯಲ್ಲಿ ಬಾಳಿದವನಾದ ನಾನು ಅದನ್ನು ಹೇಳದೆ ಮುಂದೆ ಹೋಗಲಾರೆ. ಸರ್ಕಾರದ ನಿಯಮ ಅಂದರೆ ನಮ್ಮಂಥ ಮೇಷ್ಟ್ರುಗಳಿಗೆ ಮಗಳ ಮದುವೆ, ಮನೆಯ ಸಾಲದ ಕಂತು, ನಿವೃತ್ತಿಯ ನಂತರದ ಊಟ. ನಾನು ಕೆಲಸಕ್ಕೆ ಸೇರುವಾಗ ಒಂದು ಆಡಳಿತ ಮಂಡಳಿ ದಿನಾಂಕವಿಲ್ಲದ ರಾಜೀನಾಮೆ ಪತ್ರಕ್ಕೆ ಮೊದಲೇ ಸಹಿ ಹಾಕಿಸಿಕೊಂಡಿತ್ತು. ಧರ್ಮದ ಹೆಸರಿನ ಸಂಸ್ಥೆಗಳಲ್ಲೂ ಅಂಥದು ನಡೆಯುತ್ತದೆ. ಮೇಷ್ಟ್ರನ್ನು ಮನಬಂದಂತೆ ಬೀದಿಗೆ ಹಾಕುವ ಸ್ವಾತಂತ್ರ್ಯಕ್ಕೆ ಯಾವ ದೇವರ ಹೆಸರನ್ನೂ ತರಬಾರದು. ಬಂಗಾಳದ ಅಧ್ಯಾಪಕರು ಎಲ್ಲರಿಗೂ ಇರುವ ನಿಯಮ ನಮಗೂ ಇರಲಿ ಎಂದದ್ದು ತಪ್ಪಲ್ಲ.

ಸಂನ್ಯಾಸಿಗಳ ಅಂಜಿಕೆಯೂ ಸುಳ್ಳಲ್ಲ. ಕ್ಷಾಮದ ಅನಾಥರನ್ನು ತಂದು ಸಾಕಿದ ಆವರಣದಲ್ಲಿ ಮಕ್ಕಳ ಜೊತೆ ಎದ್ದು, ಉಂಡು, ಮಲಗಿ ಬದುಕುವವರು ಅವರು. ಸ್ವಂತ ಮನೆ, ಸಂಬಳ, ಮಕ್ಕಳು ಯಾವುದೂ ಇಲ್ಲದ ಒಬ್ಬರು ಮುಖ್ಯಸ್ಥರಾಗಿರುವುದು ಅಲ್ಲಿನ ವಿದ್ಯೆಯ ಒಂದು ಭಾಗ. ಮೈಸೂರಿನ ರಾಮಕೃಷ್ಣ ವಿದ್ಯಾಶಾಲೆಯಲ್ಲಿ ಓದಿ ಬಂದವರನ್ನು ಕೇಳಿ, ಅವರು ಪಾಠಕ್ಕಿಂತ ಮೊದಲು ಬೆಳಗಿನ ಪ್ರಾರ್ಥನೆಯ ಹಾಲಿನ ವಿಷಯ, ಜೊತೆಗೆ ನೆಲದ ಮೇಲೆ ಕೂತು ಉಂಡ ಸ್ವಾಮೀಜಿಯ ವಿಷಯ ಹೇಳುತ್ತಾರೆ. ಆಡಳಿತ ಮಂಡಳಿಯನ್ನು ಎಲ್ಲ ಕಡೆಯೂ ಒಂದೇ ಅಚ್ಚಿನಲ್ಲಿ ಎರಕ ಹೊಯ್ದರೆ ಅಂಥದ್ದು ಉಳಿಯುವುದಿಲ್ಲ.

ಹೀಗೆ ಎರಡೂ ಕಡೆ ನ್ಯಾಯವಿತ್ತು. ಪ್ರಾಂಶುಪಾಲರನ್ನು ಯಾರು ನೇಮಿಸಬೇಕು, ಅಧ್ಯಾಪಕರಿಗೆ ಯಾವ ರಕ್ಷಣೆ ಕೊಡಬೇಕು, ಸರ್ಕಾರದ ಹಣಕ್ಕೆ ಲೆಕ್ಕ ಹೇಗೆ ಎಂದು ಕೂತು ಬಗೆಹರಿಸಬಹುದಿತ್ತು. ಅದರ ಬದಲು ನ್ಯಾಯಾಲಯ ಪರಮಹಂಸರ ಅವತಾರ ತತ್ತ್ವವನ್ನು, ಅವರ ಜಯಂತಿಯ ಪೂಜೆಯನ್ನು, ವಿವೇಕಾನಂದರ ಭಾಷಣಗಳನ್ನು ಸಾಕ್ಷ್ಯವೆಂದು ತೂಗಬೇಕಾಯಿತು.

ಮಿಷನ್ನಿನ ವಾದವನ್ನು ನಾನು ಹಗುರವಾಗಿ ನೋಡುವುದಿಲ್ಲ. ಎಲ್ಲ ಮತಗಳೂ ಒಂದೇ ಗುರಿಗೆ ಒಯ್ಯುತ್ತವೆ ಎಂದು ಬದುಕಿ ತೋರಿಸಿದ ಗುರು, ಮತಾಂತರವಾಗದೆಯೇ ಮುಸಲ್ಮಾನರೂ ಕ್ರೈಸ್ತರೂ ಅನುಯಾಯಿಗಳಾಗಬಹುದಾದ ಪಂಥ, ಜಾತಿಯಿಲ್ಲದ ಸಂಘ. 1897ರ ಮೇ 1ರಂದು ವಿವೇಕಾನಂದರು ಮಿಷನ್ ಕಟ್ಟಿದಾಗಲೇ ಬೇರೆ ಬೇರೆ ಧರ್ಮದವರ ನಡುವೆ ಸೌಹಾರ್ದ ಬೆಳೆಸುವುದನ್ನು ಗುರಿಯೆಂದು ಬರೆದಿಟ್ಟಿದ್ದರು. ಇಂಥದ್ದನ್ನು ಹೊಸ ಧರ್ಮ ಎನ್ನಬಾರದೇಕೆ?

ಅನ್ನಬಾರದು ಎಂಬುದು ನನ್ನ ನಂಬಿಕೆ. ಎಲ್ಲ ಧರ್ಮಗಳನ್ನೂ ಒಪ್ಪುತ್ತೇವೆ, ಆದ್ದರಿಂದ ನಾವು ಹಿಂದೂಗಳಲ್ಲ ಎಂದರೆ, ಎಲ್ಲವನ್ನೂ ಒಪ್ಪದವನು ಮಾತ್ರ ಹಿಂದೂ ಎಂದು ಹೇಳಿದಂತಾಗುತ್ತದೆ. ಅಪ್ಪನಂಥ ಸಾವಿರಾರು ಜನ ಪರಮಹಂಸರನ್ನು ಓದಿ, ಹಿಂದೂಗಳಾಗಿಯೇ ಮಸೀದಿಯ ಮುಂದೆ ಕೈ ಮುಗಿದು ಹೋದರು. ಆ ವಾದ ಅವರ ಕಾಲ ಕೆಳಗಿನ ನೆಲವನ್ನೇ ಸಂಕುಚಿತರಿಗೆ ಬರೆದುಕೊಡುತ್ತದೆ. ಇನ್ನೊಂದು ಮಾತು: ಎಲ್ಲರೂ ನಮ್ಮವರು ಎನ್ನುವ ಧರ್ಮಕ್ಕೆ ತಲೆ ಎಣಿಸಿ ಅಲ್ಪಸಂಖ್ಯಾತ ಎನ್ನುವುದು ಹೇಗೆ? ಎಣಿಸಬೇಕಾದರೆ ಬೇಲಿ ಬೇಕು. ಪರಮಹಂಸರು ಬದುಕಿನುದ್ದಕ್ಕೂ ಮಾಡಿದ ಸಾಧನೆಯೇ ಬೇಲಿ ದಾಟುವುದು.

1995ರ ಜುಲೈನಲ್ಲಿ ಸುಪ್ರೀಂ ಕೋರ್ಟು ಹೈಕೋರ್ಟಿನ ತೀರ್ಪನ್ನು ಒಪ್ಪಲಿಲ್ಲ. ತೀರ್ಪು ಬರೆದವರು ನಮ್ಮ ಮುಳಬಾಗಿಲು ಕಡೆಯ ನ್ಯಾಯಮೂರ್ತಿ ಎನ್. ವೆಂಕಟಾಚಲ. ಮುಂದೆ ಲೋಕಾಯುಕ್ತರಾಗಿ ಅವರು ಕರ್ನಾಟಕದ ಮನೆಮಾತಾದರು. ರಾಮಕೃಷ್ಣರಾಗಲಿ ವಿವೇಕಾನಂದರಾಗಲಿ ಹೊಸ ಧರ್ಮ ಸ್ಥಾಪಿಸಿದೆವು ಎಂದವರಲ್ಲ, ಅವರ ಅನುಯಾಯಿಗಳು ಹಿಂದೂ ಧರ್ಮದೊಳಗಿನ ಒಂದು ಪಂಥ, 30ನೇ ವಿಧಿ ಇವರಿಗೆ ಸಲ್ಲದು ಎಂದು ತೀರ್ಪು ಹೇಳಿತು. ಪತ್ರಿಕೆಗಳಲ್ಲಿ ಬಂದದ್ದು ಇಷ್ಟು. ಜನ ಗಮನಿಸದ ಭಾಗ ಮುಂದಿನದು. ಆ ಕಾಲೇಜಿಗೆ ಸರ್ಕಾರ ಮೊದಲಿನಿಂದ ಒಪ್ಪಿಕೊಂಡಿದ್ದ ವಿಶೇಷ ಏರ್ಪಾಡನ್ನು ಮುರಿದು, ಎಲ್ಲ ಕಡೆಯಂಥ ಆಡಳಿತ ಮಂಡಳಿಯನ್ನೇ ರಚಿಸಬೇಕೆಂದು ಸರ್ಕಾರವನ್ನು ಒತ್ತಾಯಿಸಲು ಬರುವುದಿಲ್ಲ ಎಂದೂ ಅದೇ ತೀರ್ಪು ಹೇಳಿತು. ಧರ್ಮದ ವಾದ ಸೋತಿತು, ಕಾಲೇಜು ಮಿಷನ್ನಿನ ಕೈಯಲ್ಲೇ ಉಳಿಯಿತು. ಹಾಗಾದರೆ ಕಾಲೇಜನ್ನು ಉಳಿಸಿಕೊಳ್ಳಲು ಆ ವಾದ ಬೇಕೇ ಇರಲಿಲ್ಲ. ಅಷ್ಟು ವರ್ಷ ಸಂನ್ಯಾಸಿಗಳ ಬಾಯಲ್ಲಿ ಬೇಡದ ಮಾತು ಹೊರಡಿಸಿದ್ದು ಏತಕ್ಕೆ ಎಂದು ನೆನೆದರೆ ಈಗಲೂ ಸಂಕಟವಾಗುತ್ತದೆ.

ಹಿಂದೂ ಧರ್ಮ ಅಂದರೇನು ಎಂಬ ವಿಸ್ತಾರವಾದ ವಿವರಣೆ ನಮ್ಮ ಕಾನೂನಿಗೆ ಬಂದದ್ದು 1966ರ ಇನ್ನೊಂದು ಮೊಕದ್ದಮೆಯಿಂದ. ಅದನ್ನು ಬರೆದವರು ನ್ಯಾಯಮೂರ್ತಿ ಪಿ.ಬಿ. ಗಜೇಂದ್ರಗಡಕರ್. ಅಹಮದಾಬಾದಿನ ಸ್ವಾಮಿನಾರಾಯಣ ಪಂಥದವರು 1948ರಲ್ಲಿ ದಾವೆ ಹಾಕಿ, ನಾವು ಹಿಂದೂಗಳಲ್ಲ ಎಂದಿದ್ದರು. ಹರಿಜನರ ದೇವಾಲಯ ಪ್ರವೇಶದ ಕಾಯ್ದೆ ತಮ್ಮ ಗುಡಿಗೆ ತಾಗಬಾರದು ಎಂಬುದು ಅದರ ಹಿಂದಿನ ಉದ್ದೇಶ. ನ್ಯಾಯಾಲಯ ಒಪ್ಪದೆ, ನೀವೂ ಹಿಂದೂಗಳೇ, ಬಾಗಿಲು ತೆಗೆಯಿರಿ ಎಂದಿತು. ಆ ತೀರ್ಪಿಗೆ ನಾನು ತಲೆಬಾಗುತ್ತೇನೆ. ಆದರೆ ದಲಿತರಿಗೆ ಬಾಗಿಲು ತೆಗೆಸಲು ಬರೆದ ವಿವರಣೆಯನ್ನೇ ಮುಂದೆ ಯಾರು ಬೇರೆಯಾಗಬಹುದು, ಯಾರು ಆಗಬಾರದು ಎಂದು ಅಳೆಯಲೂ ಬಳಸಿದರು. ಎರಡೂ ಒಂದೇ ಬಗೆಯ ಪ್ರಶ್ನೆಗಳಲ್ಲ. ಯಾರನ್ನು ಹೊರಗೆ ನಿಲ್ಲಿಸಿದ್ದೀರಿ ಎಂದು ಸರ್ಕಾರ ಕೇಳಬಹುದು, ನ್ಯಾಯಾಲಯವೂ ಕೇಳಬಹುದು, ಕೇಳಲೇಬೇಕು. ಯಾರನ್ನು ಕೆಲಸದಿಂದ ತೆಗೆದಿರಿ, ಮಕ್ಕಳಿಗೆ ಏನು ಕಲಿಸುತ್ತೀರಿ, ಹಣ ಎಲ್ಲಿ ಹೋಯಿತು ಎಂದೂ ಕೇಳಬಹುದು. ಇವಕ್ಕೆಲ್ಲ ಕಣ್ಣಿಗೆ ಕಾಣುವ ಉತ್ತರವಿದೆ. ನಿಮ್ಮ ಗುರು ಹಳೆಯ ಧರ್ಮದ ಸುಧಾರಕನೋ ಹೊಸ ಧರ್ಮದ ಪ್ರವರ್ತಕನೋ ಎಂಬುದಕ್ಕೆ ಅಂಥ ಉತ್ತರವಿಲ್ಲ. ಅದನ್ನು ನಂಬಿದವರು ತಲೆಮಾರುಗಳ ಕಾಲ ಬದುಕಿ ತೀರ್ಮಾನಿಸುತ್ತಾರೆ.

ಅದನ್ನು ಕಾನೂನು ತೀರ್ಮಾನಿಸಲು ಹೊರಟರೆ ಏನಾಗುತ್ತದೆಂಬುದಕ್ಕೆ ಆರ್ಯ ಸಮಾಜವನ್ನು ನೋಡಬೇಕು. ಪಂಜಾಬಿನ ಡಿಎವಿ ಕಾಲೇಜುಗಳ ಮೊಕದ್ದಮೆಯಲ್ಲಿ 1971ರಲ್ಲಿ ಸುಪ್ರೀಂ ಕೋರ್ಟು ಆರ್ಯ ಸಮಾಜಿಗಳನ್ನು ಅಲ್ಪಸಂಖ್ಯಾತರೆಂದಿತು. ಅಲ್ಲಿ ಸಿಖ್ಖರು ಹೆಚ್ಚು, ಹಿಂದೂಗಳು ಕಡಿಮೆ. 1976ರಲ್ಲಿ ದೆಹಲಿ ಹೈಕೋರ್ಟು ಆರ್ಯ ಸಮಾಜದ ಶಾಲೆಗಳಿಗೆ ಆ ಹಕ್ಕಿಲ್ಲ ಎಂದಿತು. ಅದೇ ಹವನ, ಅದೇ ದಯಾನಂದ ಸರಸ್ವತಿ, ಅದೇ ಪ್ರಾರ್ಥನೆ. ಜಲಂಧರದಲ್ಲಿದ್ದ ಸ್ವಾತಂತ್ರ್ಯ ದೆಹಲಿಯಲ್ಲಿಲ್ಲ. ಆರೋವಿಲ್ ವಿಷಯದಲ್ಲಿ 1982ರಲ್ಲಿ ಸುಪ್ರೀಂ ಕೋರ್ಟಿನ ಬಹುಮತದ ತೀರ್ಪು ಅರವಿಂದರ ಬೋಧನೆ ಧರ್ಮವೇ ಅಲ್ಲ, ದರ್ಶನ ಎಂದಿತು. ನ್ಯಾಯಮೂರ್ತಿ ಚಿನ್ನಪ್ಪ ರೆಡ್ಡಿ ಆ ಮಾತನ್ನು ಒಪ್ಪಲಿಲ್ಲ. ಇಷ್ಟು ವಿದ್ವಾಂಸರಾದ ನ್ಯಾಯಮೂರ್ತಿಗಳೇ ಒಮ್ಮತಕ್ಕೆ ಬರಲಾಗದ ಪ್ರಶ್ನೆಗೆ ಬಿಇಒ ಕಚೇರಿಯ ನಮೂನೆಯಲ್ಲಿ ಹೌದು ಅಲ್ಲ ಎಂದು ಉತ್ತರ ಬರೆಯಬೇಕು.

2002ರ ಅಕ್ಟೋಬರ್ 31ರಂದು ಹನ್ನೊಂದು ನ್ಯಾಯಮೂರ್ತಿಗಳ ಪೀಠ ಕೊಟ್ಟ ಟಿ.ಎಂ.ಎ. ಪೈ ಪ್ರತಿಷ್ಠಾನದ ತೀರ್ಪು ಈ ಗಂಟನ್ನು ಸ್ವಲ್ಪ ಸಡಿಲಿಸಿತು. ಮಣಿಪಾಲದಿಂದ ಹೊರಟ ಮೊಕದ್ದಮೆ ಅದು. ಕೊಂಕಣಿ ಮಾತಾಡುವ ಭಾಷಾ ಅಲ್ಪಸಂಖ್ಯಾತರು ಎಂಬ ನೆಲೆಯಲ್ಲೇ ಅದೂ ಶುರುವಾಗಿತ್ತು. ಆದರೆ ನ್ಯಾಯಾಲಯ ಅಷ್ಟಕ್ಕೇ ನಿಲ್ಲದೆ, ಶಿಕ್ಷಣ ಸಂಸ್ಥೆ ಕಟ್ಟಿ ನಡೆಸುವ ಹಕ್ಕು ಎಲ್ಲ ನಾಗರಿಕರಿಗೂ ಇದೆ ಎಂದಿತು. ಈ ಮಾತು ಮೊದಲೇ ಬಂದಿದ್ದರೆ ರಹರಾದ ಸಂನ್ಯಾಸಿಗಳು ತಾವು ಯಾರು ಎಂಬುದನ್ನು ಬದಲಿಸಿ ಹೇಳುವ ಪ್ರಮೇಯವೇ ಬರುತ್ತಿರಲಿಲ್ಲವೇನೋ.

ಆಮೇಲೆ ಗಂಟು ಮತ್ತೆ ಬಿಗಿಯಿತು. 2014ರ ಮೇ 6 ಅಂದರೆ ನಮ್ಮ ರಾಜ್ಯದಲ್ಲಿ ಕನ್ನಡ ಮಾಧ್ಯಮ ಕಡ್ಡಾಯ ಮಾಡುವಂತಿಲ್ಲ ಎಂಬ ತೀರ್ಪಿನ ದಿನವೆಂದು ಎಲ್ಲರಿಗೂ ನೆನಪು. ಅದೇ ದಿನ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಪ್ರಮತಿ ಟ್ರಸ್ಟಿನ ಮೊಕದ್ದಮೆಯಲ್ಲಿ ಇನ್ನೊಂದು ತೀರ್ಪು ಕೊಟ್ಟಿತು. ಅದರ ಪ್ರಕಾರ ಶಿಕ್ಷಣ ಹಕ್ಕು ಕಾಯ್ದೆ ಅಲ್ಪಸಂಖ್ಯಾತರ ಶಾಲೆಗಳಿಗೆ ಅನ್ವಯಿಸುವುದಿಲ್ಲ. ಬಡ ಮಕ್ಕಳಿಗೆ ಶೇ 25ರಷ್ಟು ಸೀಟು ಕೊಡುವ ಹೊಣೆಯೂ ಅವಕ್ಕಿಲ್ಲ. ನಮ್ಮ ಸುತ್ತಮುತ್ತಲ ಕೆಲವು ಆಡಳಿತ ಮಂಡಳಿಗಳು ಹಳೆಯ ಟ್ರಸ್ಟ್ ಡೀಡುಗಳನ್ನು ಕಪಾಟಿನಿಂದ ತೆಗೆದದ್ದು ಆಗಲೇ. ಸ್ಥಾಪಕರ ಅಜ್ಜಿ ಮನೆಯಲ್ಲಿ ಯಾವ ಭಾಷೆ ಆಡುತ್ತಿದ್ದರು ಎಂದು ವಿಚಾರಿಸುವ ಸಭೆಯೊಂದರಲ್ಲಿ ನಾನೇ ಕೂತಿದ್ದೆ. ಅಜ್ಜಿಯ ಭಾಷೆಯ ಮೇಲಿನ ಪ್ರೀತಿ ಅಲ್ಲಿ ಯಾರ ಮುಖದಲ್ಲೂ ಕಾಣಲಿಲ್ಲ. 2025ರ ಸೆಪ್ಟೆಂಬರಿನಲ್ಲಿ ಸುಪ್ರೀಂ ಕೋರ್ಟಿನ ಇಬ್ಬರು ನ್ಯಾಯಮೂರ್ತಿಗಳ ಪೀಠವೇ ಪ್ರಮತಿ ತೀರ್ಪನ್ನು ಪ್ರಶ್ನಿಸಿ, ದೊಡ್ಡ ಪೀಠ ನೋಡಲಿ ಎಂದು ಮುಖ್ಯ ನ್ಯಾಯಮೂರ್ತಿಗಳ ಮುಂದಿಟ್ಟಿದೆ. ಒಳ್ಳೆಯದಾಯಿತು.

ರಹರಾದಲ್ಲಿ ಎದ್ದಂಥ ಪ್ರಶ್ನೆ ನಮ್ಮ ರಾಜ್ಯದಲ್ಲೂ ಎದ್ದಿತು. 2018ರ ಮಾರ್ಚಿನಲ್ಲಿ ನ್ಯಾಯಮೂರ್ತಿ ನಾಗಮೋಹನ ದಾಸ್ ಸಮಿತಿಯ ವರದಿಯನ್ನು ಒಪ್ಪಿ ರಾಜ್ಯ ಸರ್ಕಾರ ಲಿಂಗಾಯತ ಧರ್ಮಕ್ಕೆ ಅಲ್ಪಸಂಖ್ಯಾತ ಸ್ಥಾನಮಾನಕ್ಕಾಗಿ ಕೇಂದ್ರಕ್ಕೆ ಶಿಫಾರಸು ಮಾಡಿತು. ಬಸವಣ್ಣನವರ ಧರ್ಮ ಬೇರೆಯೋ ಅಲ್ಲವೋ ಎಂಬುದು ಎಂಟು ಶತಮಾನಗಳ ಆಳದ ಪ್ರಶ್ನೆ. ಅದಕ್ಕೆ ಉತ್ತರ ಹೇಳುವ ಅಧಿಕಾರ ಆ ಧರ್ಮವನ್ನು ಬದುಕುತ್ತಿರುವವರದ್ದೇ, ನನ್ನದಲ್ಲ. ಆದರೆ ಆ ತಿಂಗಳುಗಳಲ್ಲಿ ನಮ್ಮ ಸ್ಟಾಫ್ ರೂಮಿನಲ್ಲಿ, ಬಸ್ ಸ್ಟ್ಯಾಂಡಿನ ಹೋಟೆಲಿನಲ್ಲಿ ನಾನು ಕೇಳಿದ ಮಾತು ಬೇರೆ. ಎಂಜಿನಿಯರಿಂಗ್ ಕಾಲೇಜಿಗೆ ಏನು ಲಾಭ, ಮೆಡಿಕಲ್ ಸೀಟು ಎಷ್ಟು ಉಳಿಯುತ್ತದೆ ಎಂಬ ಲೆಕ್ಕ. ಇಷ್ಟಲಿಂಗವನ್ನು ಅಂಗೈಯಲ್ಲಿಟ್ಟುಕೊಂಡು ಈ ಪ್ರಶ್ನೆಯನ್ನು ನಿಜವಾಗಿ ಕೇಳಿದವರೂ ಇದ್ದರು, ನನ್ನ ಸಹೋದ್ಯೋಗಿಯೊಬ್ಬರು ಹಾಗೆ ಕೇಳಿ ನೊಂದವರು. ಸೀಟಿನ ಲೆಕ್ಕದ ಗದ್ದಲದಲ್ಲಿ ಅವರ ಮಾತು ಯಾರಿಗೂ ಕೇಳಿಸಲಿಲ್ಲ.

30ನೇ ವಿಧಿಯನ್ನು ತೆಗೆಯಬೇಕೆಂದು ನಾನು ಹೇಳುತ್ತಿಲ್ಲ. ಬಹುಸಂಖ್ಯಾತರ ಸರ್ಕಾರದ ಎದುರು ಸಣ್ಣ ಸಮುದಾಯದ ಶಾಲೆಗೆ ಆ ಗೋಡೆ ಬೇಕೇ ಬೇಕು. 2024ರ ನವೆಂಬರಿನಲ್ಲಿ ಉತ್ತರ ಪ್ರದೇಶದ ಮದರಸಾ ಕಾಯ್ದೆಯನ್ನು ಸುಪ್ರೀಂ ಕೋರ್ಟು ಬಹುಮಟ್ಟಿಗೆ ಎತ್ತಿಹಿಡಿದದ್ದು ಸರಿ. ಪದವಿ ಮಟ್ಟದ ಫಾಜಿಲ್, ಕಾಮಿಲ್ ಕೊಡುವ ಅಧಿಕಾರವನ್ನಷ್ಟೇ ತೆಗೆದು, ಶಾಲೆಗಳನ್ನು ಉಳಿಸಿ, ಪಾಠದ ಮಟ್ಟ ಕಾಯುವ ಹೊಣೆಯನ್ನು ಸರ್ಕಾರಕ್ಕೆ ಬಿಟ್ಟಿತು. ಮಾನ್ಯತೆ ಕೊಡುವವರು ನೋಡಬೇಕಾದದ್ದು ಅಂಥದ್ದನ್ನೇ. ಪ್ರಾಮಾಣಿಕವಾಗಿ ಶಾಲೆ ನಡೆಸುವ ಯಾರಿಗೇ ಆಗಲಿ, ಮಠಕ್ಕಾಗಲಿ ಮಿಷನ್ನಿಗಾಗಲಿ ಹಳ್ಳಿಯ ನಾಲ್ಕು ಜನ ಸೇರಿ ಮಾಡಿದ ಸಂಘಕ್ಕಾಗಲಿ, ತಮ್ಮ ರೀತಿಯಲ್ಲಿ ಕಲಿಸುವ ಸ್ವಾತಂತ್ರ್ಯ ಸಿಗಬೇಕು. ಮೇಷ್ಟ್ರ ಕೆಲಸಕ್ಕೆ ಭದ್ರತೆ, ಬಡ ಮಗುವಿಗೆ ಸೀಟು, ಹಣಕ್ಕೆ ಲೆಕ್ಕ ಇವು ಮೂರೂ ಎಲ್ಲರಿಗೂ ಒಂದೇ ಆಗಿರಬೇಕು. ಆಗ ಸ್ವಾತಂತ್ರ್ಯಕ್ಕಾಗಿ ಯಾರೂ ದೇವರನ್ನು ಬದಲಿಸಬೇಕಾಗುವುದಿಲ್ಲ.

ಶಾಲೆಗಳ ಆಡಳಿತ ಮಂಡಳಿಯಲ್ಲಿ ಕೂತಿರುವ ಓದುಗರಲ್ಲಿ ನನ್ನದೊಂದು ಕೋರಿಕೆ. ಟ್ರಸ್ಟ್ ಡೀಡಿಗೆ ತಿದ್ದುಪಡಿ ತರುವ ಸಭೆ ಕರೆದಾಗ, ಹೊಸ ವಾಕ್ಯವನ್ನು ಗಟ್ಟಿಯಾಗಿ ಓದಿಸಿ. ಅದು ನಿಜವೋ ಎಂದು ಶಾಲೆ ಕಟ್ಟಿದವರ ಮನೆಯ ಹಿರಿಯರನ್ನು ಕೇಳಿ. ಅವರು ಅಲ್ಲ ಎಂದರೆ ಸಹಿ ಹಾಕಬೇಡಿ.